ಫೈಬರ್ ಎತ್ತಿನ ಕಣ್ಣು

ಕುಂಬಾರಕ್ಕ ಸತ್ತದ್ದು ಏಳನೆಯ ಮಹಡಿಯಲ್ಲಿ. ಲಿಫ್ಟು ಕೆಟ್ಟಿತ್ತು. ಅದು ಕೆಡುವುದು ಹೊಸದಲ್ಲ. ಸರಿ ಇದ್ದ ದಿನವೇ ನಮ್ಮ ಬಿಲ್ಡಿಂಗಿನ ಜನ ಒಬ್ಬರನ್ನೊಬ್ಬರು ಕರೆದು ಹೇಳುತ್ತಾರೆ. ಆ ಮೆಟ್ಟಿಲ ತಿರುವಿನಲ್ಲಿ ಹೆಣ ಮಲಗಿಸಿ ತರಲು ಜಾಗ ಸಾಲುವುದಿಲ್ಲ. ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂಡಿಸಿ, ಸೀರೆಯಿಂದ ಬಿಗಿದು ಇಳಿಸಿದರು. ತಲೆ ಆಚೆ ಈಚೆ ವಾಲುತ್ತಿತ್ತು. ಹಿಂದಿನಿಂದ ನಾನು ಹಿಡಿದುಕೊಂಡು ಇಳಿದೆ. ಬದುಕಿದ್ದಾಗ ಆಕೆ ಯಾರಿಗೂ ತಲೆ ಮುಟ್ಟಗೊಟ್ಟವಳಲ್ಲ.

ಮಣ್ಣಿಗೆ ಬಂದವರು ಕಡಿಮೆ. ಬಿಲ್ಡಿಂಗಿನ ತುಂಬ ನಮ್ಮವರೇ ಇದ್ದಾರೆ, ಹಳೆಯ ವಸ್ತಿಯವರೇ, ಒಂದೇ ಸಾಲಿನ ತಗಡಿನ ಮನೆಗಳವರೇ. ಕೆಲವರು ಬಾಗಿಲು ಮುಂದೆ ಮಾಡಿಕೊಂಡು ಒಳಗಿದ್ದರು. ಟಿವಿಯ ಸಪ್ಪಳ ಕೇಳುತ್ತಿತ್ತು. ಅಷ್ಟು ಸಿಟ್ಟು ಇದ್ದದ್ದು ಒಂದು ಎತ್ತಿನ ಕಾರಣಕ್ಕೆ. ಅದೂ ಜೀವದ ಎತ್ತಲ್ಲ, ಫೈಬರಿನದು. ನಾನು ಮೂರನೆಯ ಇಯತ್ತೆಗೆ ಶಾಲೆ ಬಿಟ್ಟವಳು, ಬರೆದು ರೂಢಿ ಇಲ್ಲ. ಆದರೆ ಆಕೆಯ ಬಗ್ಗೆ ಇವರು ಹೇಳುವುದರಲ್ಲಿ ಅರ್ಧ ಸುಳ್ಳು. ಉಳಿದ ಅರ್ಧವನ್ನಾದರೂ ನೆಟ್ಟಗೆ ಹೇಳಬೇಕು.

ಆಕೆಗೆ ಹೆಸರಿತ್ತು. ಹೆಸರು ಹಿಡಿದು ಕರೆದರೆ ತಿರುಗಿ ನೋಡುತ್ತಿರಲಿಲ್ಲ, ಅದಕ್ಕೆ ಇಲ್ಲಿಯೂ ಬರೆಯುವುದಿಲ್ಲ. ಸಣ್ಣವರು, ದೊಡ್ಡವರು ಎಲ್ಲರೂ ಕುಂಬಾರಕ್ಕ ಎನ್ನುತ್ತಿದ್ದರು. ಆಕೆ ಸೇಡಂ ಕಡೆಯವಳು, ನಾನು ಯಾದಗಿರಿ ಕಡೆಯವಳು. ಮರಾಠಿ ಸೀಮೆಯ ಪಿಂಪ್ರಿ-ಚಿಂಚವಾಡದಲ್ಲಿ ಕಟ್ಟಡದ ಕೆಲಸಕ್ಕೆ ಹೋಗುತ್ತಿದ್ದಾಗ ಗುರುತಾದದ್ದು. ಆಕೆ ಇಟ್ಟಿಗೆ ಹೊರುತ್ತಿದ್ದಳು, ನಾನು ಸಿಮೆಂಟು ಕಲಸಿದ ಮಾಲಿನ ಬುಟ್ಟಿ. ಮೊದಲ ದಿನವೇ ನೀರಿನ ಡ್ರಮ್ಮಿನ ಹತ್ತಿರ ನನ್ನ ಕೈ ನೋಡಿ, “ಇಷ್ಟ್ ಬಿಗಿ ಹಿಡದೀಯಲ್ಲ ತಂಗಿ, ನೀ ಬುಟ್ಟಿ ಹೊರ್ತೀಯೋ ಬುಟ್ಟಿ ನಿನ್ನ ಹೊರ್ತದೋ?” ಎಂದಳು. ನಾನು ಬೈದೆ. ಆಕೆ ಹೊಳ್ಳಿ ಬೈದಳು. ಆಮೇಲೆ ಸಾಯುವತನಕ ನಮ್ಮದು ಹಾಗೆಯೇ ನಡೆಯಿತು.

ಮುಖ ನೋಡಿ ಮಾತಾಡುವ ರೂಢಿ ಆಕೆಗಿರಲಿಲ್ಲ. ಕೈ ನೋಡುತ್ತಿದ್ದಳು. ನನ್ನ ಮಗನಿಗೆ ಹೆಣ್ಣು ನೋಡಲು ಹೋದಾಗ ಜೊತೆಗೆ ಕರೆದುಕೊಂಡು ಹೋಗಿದ್ದೆ. ಹುಡುಗಿ ಚಹಾ ತಂದಳು. ಎಲ್ಲರೂ ಬಣ್ಣ ನೋಡುತ್ತ, ಎತ್ತರ ನೋಡುತ್ತ ಇದ್ದರೆ ಈಕೆ ಕಪ್ಪು ಹಿಡಿದ ಬೆರಳು ನೋಡಿ, “ರೊಟ್ಟಿ ಬಡಿಯೋ ಕೈ ಅಲ್ಲ ಇದು. ಆದ್ರ ಕಳ್ಳಕೈ ಅಲ್ಲ, ಮಾಡ್ಕೋ” ಎಂದುಬಿಟ್ಟಳು. ಹುಡುಗಿಯ ತಾಯಿಯ ಮುಖ ಕೆಂಪಾಯಿತು. ಆ ಹುಡುಗಿಯೇ ಈಗ ನನ್ನ ಸೊಸೆ. ರೊಟ್ಟಿ ಇವತ್ತಿಗೂ ಬರುವುದಿಲ್ಲ.

ಆಕೆಯ ಗಂಡ ಬುನಾದಿಯ ಗುಂಡಿಯಲ್ಲಿ ಸತ್ತ. ದೊಡ್ಡ ಬಿಲ್ಡಿಂಗಿಗೆ ಆಳವಾಗಿ ತೋಡಿದ್ದರು, ಬದಿಗೆ ಹಲಗೆ ಕೊಟ್ಟಿರಲಿಲ್ಲ. ಮಳೆ ಬಂದು ಬಿಟ್ಟಿತ್ತು. ಕರಿ ಮಣ್ಣು ಒಮ್ಮೆಲೇ ಕುಸಿಯಿತು. ತೆಗೆದಾಗ ಬಾಯಿ ತುಂಬ ಮಣ್ಣು. ಆಕೆ ಅಲ್ಲಿಯೇ ಇಟ್ಟಿಗೆ ಹೊರುತ್ತಿದ್ದಳು, ನಾನೂ ಇದ್ದೆ. ಅತ್ತಳೋ ಇಲ್ಲವೋ ನನಗೆ ನೆನಪಿಲ್ಲ. ನೆನಪಿರುವುದು ಬೇರೆ. ಮರುವರ್ಷ ಜ್ಯೇಷ್ಠದಲ್ಲಿ ಅಂಥದೇ ಇನ್ನೊಂದು ಗುಂಡಿಯಿಂದ ಅದೇ ಕರಿ ಮಣ್ಣನ್ನು ಪುಟ್ಟಿಯಲ್ಲಿ ತುಂಬಿಕೊಂಡು ಮನೆಗೆ ತಂದಳು. ನಾಲಗೆಗೆ ಒಂದಿಷ್ಟು ಹಚ್ಚಿಕೊಂಡು, ಉಪ್ಪಿನಂಶ ಇಲ್ಲ ಎಂದು ನೋಡಿ, ಕಾಲಿನಿಂದ ತುಳಿದು ಹದ ಮಾಡತೊಡಗಿದಳು. ಗಂಡನನ್ನು ನುಂಗಿದ ಮಣ್ಣನ್ನು ಹೇಗೆ ಮುಟ್ಟುತ್ತೀ ಎಂದು ಕೇಳಿದೆ.

“ಮಣ್ಣೇನ್ ಮಾಡ್ತದ? ಹಲಗಿ ಕೊಡ್ಲಿಲ್ಲ ಅವರು” ಎಂದಳು.

ಆಕೆ ಆ ಮಣ್ಣಿನಿಂದ ಮಾಡುತ್ತಿದ್ದದ್ದು ಮಣ್ಣೆತ್ತು. ನಮ್ಮ ಕಡೆ ಕಾರಹುಣ್ಣಿವೆಗೆ ಜೀವದ ಎತ್ತುಗಳ ಮೈ ತೊಳೆದು, ಕೋಡಿಗೆ ಬಣ್ಣ ಹಚ್ಚಿ ಮೆರೆಸುತ್ತಾರೆ. ಮುಂದಿನ ಅಮವಾಸ್ಯೆಗೆ ಮಣ್ಣಿನ ಎತ್ತು ಮಾಡಿ ಪೂಜೆ ಮಾಡುತ್ತಾರೆ. ಊರಲ್ಲಿ ಕುಂಬಾರರ ಮನೆಯಿಂದಲೇ ಮನೆಮನೆಗೆ ಜೋಡಿ ಎತ್ತು ಬರುತ್ತಿತ್ತು. ನಮ್ಮ ವಸ್ತಿ ಇದ್ದ ಭೋಸರಿಯಲ್ಲಿ ಹೊಲವಿಲ್ಲ, ಎತ್ತಿಲ್ಲ. ಆದರೂ ಆಕೆ ವಸ್ತಿಯ ಎಲ್ಲ ಮನೆಗೂ ಜೋಡಿ ಮಾಡಿ ಕೊಡುತ್ತಿದ್ದಳು. ನಾವು ಹೋಳಿಗೆ, ಅನ್ನ, ಸಾರು ಕೊಡುತ್ತಿದ್ದೆವು.

ಆ ಎತ್ತುಗಳಿಗೆ ಕಣ್ಣು ಇರುತ್ತಿರಲಿಲ್ಲ. ಅಮವಾಸ್ಯೆಯ ದಿನ ಬೆಳಿಗ್ಗೆ ಸ್ನಾನ ಮಾಡಿ, ಹಣತೆಯ ಮಸಿಯನ್ನು ಔಡಲೆಣ್ಣೆಯಲ್ಲಿ ಕಲಸಿ, ಮನೆಮನೆಗೆ ಬಂದು ಕಡ್ಡಿಯಿಂದ ಕಣ್ಣು ಬರೆಯುತ್ತಿದ್ದಳು. ಕಣ್ಣು ತೆರೆಸಿದ ಮೇಲೆಯೇ ಪೂಜೆ. ಹೊತ್ತು ಇಳಿಯುವುದರೊಳಗೆ ನೀರಿಗೆ ಬಿಡಬೇಕು. ಬೇರೆಯವರು ಜಗುಲಿಯ ಮೇಲೆ ವಾರಗಟ್ಟಲೆ ಇಟ್ಟುಕೊಳ್ಳುತ್ತಾರೆ, ನನ್ನ ತವರಿನಲ್ಲೂ ಹಾಗೆಯೇ ಇತ್ತು. ಆಕೆಯದು ನಡೆಯುತ್ತಿರಲಿಲ್ಲ. ವಸ್ತಿಯ ಬದಿಗೆ ಹರಿಯುತ್ತಿದ್ದ ನಾಲೆಯ ನೀರು ಹೊಲಸೆಂದು ತನ್ನ ಬಾಗಿಲಲ್ಲಿ ಒಂದು ಡ್ರಮ್ಮು ತುಂಬಿ ಇಟ್ಟಿರುತ್ತಿದ್ದಳು. ನಾವು ಎತ್ತುಗಳನ್ನು ತಂದು ಕೊಡಬೇಕು, ಆಕೆ ಒಂದೊಂದೇ ಜೋಡಿ ಮುಳುಗಿಸುತ್ತ, “ನೋಡಿದ್ದು ಸಾಕು, ಹೋಗ್ರಿ” ಎನ್ನುತ್ತಿದ್ದಳು. ಮಂತ್ರವಲ್ಲ ಅದು. ಊಟ ಮುಗಿದವರಿಗೆ ಏಳಿರಿ ಎಂದ ಹಾಗೆ ಅನ್ನುತ್ತಿದ್ದಳು. ಮರುದಿನ ಆ ಕರಿ ನೀರನ್ನು ನನ್ನ ನುಗ್ಗೆ ಗಿಡಕ್ಕೆ ಸುರಿಯುತ್ತಿದ್ದಳು.

ಈಗ ಫೈಬರ್ ಎತ್ತಿನ ಮಾತು.

ಭೋಸರಿಯವರಿಗೆ ಗಾಡಿ ಓಟದ ಎತ್ತುಗಳ ಹುಚ್ಚು. ಅದನ್ನೇ ಹಿಡಿದುಕೊಂಡು ಒಂದು ಸಂಸ್ಥೆಯವರು ಎತ್ತಿನ ಬೊಂಬೆಗಳನ್ನು ಮಾಡಿಸಿ, ಒಂದೊಂದು ಸೊಸಾಯಟಿಗೆ, ಶಾಲೆಗೆ, ವಸ್ತಿಗೆ ಒಂದೊಂದು ಹಂಚಿದರು. ಅಲ್ಲಿಯ ಜನರೇ ಸೇರಿ ಬಣ್ಣ ಹಚ್ಚಬೇಕು, ಎತ್ತು ರಸ್ತೆಯ ಬದಿಗೆ ನಿಲ್ಲಬೇಕು, ಊರು ಚಂದ ಕಾಣಬೇಕು. ನಮ್ಮದು ಕಾರ್ಖಾನೆಗಳ ಹಿಂದೆ ನಾಲೆಯ ದಂಡೆಗೆ ಇದ್ದ ತಗಡಿನ ಮನೆಗಳ ಸಾಲು. ನಮಗೂ ಒಂದು ಬಂತು. ಟೆಂಪೋದಿಂದ ಇಳಿಸಿದಾಗ ಬೆಳ್ಳಗೆ, ಆಳಿಗಿಂತ ಎತ್ತರ ಇತ್ತು. ಬಡಿದರೆ ಡಬ್ಬಿಯ ಹಾಗೆ ಸಪ್ಪಳ. ಕುಂಬಾರಕ್ಕ ಬಂದು ಸುತ್ತ ಒಂದು ಸಲ ತಿರುಗಿ, ಹೊಟ್ಟೆಗೆ ಬಡಿದು, “ಒಳಗ ಏನಿಲ್ಲಲ್ಲ” ಎಂದು ಹೋದಳು.

ಸಂಸ್ಥೆಯಿಂದ ಒಬ್ಬ ಮ್ಯಾಡಂ ಬರುತ್ತಿದ್ದಳು. ಸಣ್ಣ ವಯಸ್ಸು, ಮರಾಠಿಯವಳು, ಕೆಟ್ಟವಳಲ್ಲ. ನೆಲದ ಮೇಲೆ ನಮ್ಮ ಜೊತೆ ಕೂಡುತ್ತಿದ್ದಳು, ಕೊಟ್ಟ ಚಹಾ ಕುಡಿಯುತ್ತಿದ್ದಳು. ಆಕೆ ಮೊದಲ ದಿನವೇ ಹೇಳಿದ ಒಂದು ಮಾತು ನಮ್ಮ ತಲೆಯಲ್ಲಿ ಕೂತುಬಿಟ್ಟಿತು. ಈ ಎತ್ತು ಇನ್ನು ಮುಂದೆ ಇಲ್ಲಿಯೇ ಇರುತ್ತದೆ, ನಿಮ್ಮದೇ, ಎಂದಳು.

ಆಗ ವಸ್ತಿಗೆ ನೋಟೀಸು ಅಂಟಿಸಿ ಹೋಗಿದ್ದರು. ನಾಲೆಯ ದಂಡೆಗೆ ರಸ್ತೆ ಆಗುತ್ತದೆ, ಮನೆ ಖಾಲಿ ಮಾಡಿ ಎಂದು. ಅಂಥ ನೋಟೀಸು ಹಿಂದೆಯೂ ಬಂದಿದ್ದವು, ಮಳೆಗೆ ನೆನೆದು ಉದುರಿದ್ದವು. ಈ ಸಲ ಸಾಲಿನ ಆ ತುದಿಯಲ್ಲಿ ಅಳತೆಯವರು ಕಲ್ಲು ನೆಟ್ಟಿದ್ದರಿಂದ ಇದು ನಿಜವೇ ಅನ್ನಿಸಿತ್ತು. ನಮ್ಮ ವಸ್ತಿಯ ಮುಖಂಡನನ್ನು ದಾದಾ ಎನ್ನುತ್ತಿದ್ದೆವು, ನಮ್ಮವನೇ, ಕನ್ನಡದವನೇ. ಅವನು ಎಲ್ಲರನ್ನೂ ಕೂಡಿಸಿ, “ಸರ್ಕಾರದವರೇ ಎತ್ತ ತಂದು ನಿಲ್ಲಿಸ್ಯಾರ. ಎತ್ತ ಇಲ್ಲೇ ಇರ್ತದಂದ್ರ ನಾವೂ ಇಲ್ಲೇ ಇರ್ತೀವಿ” ಎಂದ. ಸಂಸ್ಥೆ ಬೇರೆ, ಸರ್ಕಾರ ಬೇರೆ ಎಂದು ಅವನಿಗೂ ಗೊತ್ತಿತ್ತು. ಆದರೆ ಹಾಗೆ ಅಂದುಕೊಳ್ಳಲು ಎಲ್ಲರಿಗೂ ಬೇಕಿತ್ತು. ನನಗೂ.

ಬಣ್ಣ ಹಚ್ಚುವ ಕೆಲಸ ಹೆಂಗಸರದಾಯಿತು. ಏನು ಬರೆಯಬೇಕೆಂದು ಮ್ಯಾಡಂ ಕೇಳಿದಳು. ಹೂ ಎಂದರು, ನವಿಲು ಎಂದರು. ಕುಂಬಾರಕ್ಕ ದೂರ ಕುಂತು ಬೀಡಿ ಸೇದುತ್ತಿದ್ದವಳು, “ಎತ್ತಿನ ಮ್ಯಾಲ ನವಿಲ್ಯಾಕ ಕುಂದ್ರತದ? ಕೌದಿ ಹೊಚ್ಚಿರಿ” ಎಂದಳು. ಅದು ಸರಿ ಕಂಡಿತು. ಹಳೆಯ ಸೀರೆಯ ತುಂಡು ಜೋಡಿಸಿ ಹೊಲಿಯುವ ಕೌದಿ ನಮ್ಮ ಎಲ್ಲರ ಮನೆಯಲ್ಲೂ ಇತ್ತು. ಬೆನ್ನ ಮೇಲೆ ಕೌದಿಯ ತುಂಡುಗಳನ್ನು ಗೆರೆ ಹಾಕಿ, ಮನೆಗೊಂದು ತುಂಡು ಎಂದು ಹಂಚಿದೆವು. ಒಬ್ಬಳು ಚುಕ್ಕೆ, ಒಬ್ಬಳು ಗೀರು, ಒಬ್ಬಳು ಬಳೆಚೂರು. ನನ್ನ ಸೊಸೆ ಗಿಳಿಹಸಿರು ಬಣ್ಣದ ಮೇಲೆ ಕೆಂಪು ಹೊಲಿಗೆ ಬರೆದಳು. ಕುಂಬಾರಕ್ಕ ಕೋಡು ಮಾಡಿದಳು, ಹಣೆಗೆ ಗೊಂಡೆ ಬರೆದಳು, ಕೊರಳಿಗೆ ಗೆಜ್ಜೆ ಬರೆದಳು. ಗೊರಸನ್ನು ಬರೆಯುವಾಗ ನೆಲದ ಮೇಲೆ ಮಲಗಿಯೇ ಬರೆದಳು. ಯಾರಾದರೂ ಚಂದ ಆಯಿತು ಎಂದರೆ ಪಕ್ಕಕ್ಕೆ ಉಗುಳುತ್ತಿದ್ದಳು. ಅದು ಆಕೆಯ ಸ್ವಭಾವ, ದೃಷ್ಟಿ ತೆಗೆಯುವುದಕ್ಕಲ್ಲ. ಹೊಗಳಿದರೆ ಆಕೆಗೆ ಬಾಯಲ್ಲಿ ಕಹಿ ಆಗುತ್ತಿತ್ತಂತೆ.

ಎಲ್ಲ ಮುಗಿಯಿತು, ಕಣ್ಣು ಉಳಿಯಿತು. ಅಚ್ಚಿನಲ್ಲಿ ಕಣ್ಣಿನ ಗುಡ್ಡೆ ಮೂಡಿತ್ತು, ಬೆಳ್ಳಗೆ. ಆಕೆ ಬ್ರಷ್ಷು ತೊಳೆದು ಇಟ್ಟಳು.

ಮ್ಯಾಡಂ ಬಂದಾಗೆಲ್ಲ, “ಆಜೀ, ಡೋಳೆ ಕಧೀ?” ಎಂದು ಕೇಳುತ್ತಿದ್ದಳು. ಅಜ್ಜೀ, ಕಣ್ಣು ಯಾವಾಗ ಎಂದು. ಕುಂಬಾರಕ್ಕ ಆಮೇಲೆ ಎನ್ನುತ್ತಿದ್ದಳು. ಮ್ಯಾಡಂ ನಕ್ಕು ಬಿಡುತ್ತಿದ್ದಳು. ಕಣ್ಣಿಲ್ಲದೆಯೂ ಫೋಟೋ ಚಂದ ಬರುತ್ತಿತ್ತೇನೋ.

ನಮಗೆ ನಗು ಇರಲಿಲ್ಲ. ದಾದಾನ ಲೆಕ್ಕ ಇಷ್ಟು. ಬೊಂಬೆಯನ್ನು ಯಾರು ಬೇಕಾದರೂ ಎತ್ತಿಕೊಂಡು ಹೋಗಬಹುದು, ದೇವರನ್ನು ಎತ್ತುವುದಕ್ಕೆ ಕೈ ನಡುಗುತ್ತದೆ. ಕುಂಬಾರಕ್ಕ ಕಣ್ಣು ತೆರೆಸಿದರೆ ನಾವು ಕಾಯಿ ಒಡೆಯುತ್ತೇವೆ, ದೀಪ ಹಚ್ಚುತ್ತೇವೆ, ಎತ್ತು ಬಸವಣ್ಣ ಆಗುತ್ತದೆ. ಬಸವಣ್ಣನ ಎದುರಿಗೆ ಜೇಸಿಬಿ ಬರುವುದಿಲ್ಲ. ವಸ್ತಿಯಲ್ಲಿ ಇದನ್ನು ನಂಬದವರು ಒಬ್ಬರೂ ಇರಲಿಲ್ಲ, ಮುಖ್ಯವಾದ ಒಬ್ಬಳನ್ನು ಬಿಟ್ಟು.

ಬೇರೆ ಯಾರಾದರೂ ಕಣ್ಣು ಬರೆಯಬಹುದಿತ್ತಲ್ಲ ಎಂದು ಓದುವವರಿಗೆ ಅನ್ನಿಸಬಹುದು. ದಾದಾ ಒಮ್ಮೆ ಪೇಂಟರನ್ನು ಕರೆತಂದ ಕೂಡ. ನಮ್ಮ ಹೆಂಗಸರೇ ಅಡ್ಡ ನಿಂತರು. ಕುಂಬಾರರ ಕೈಯಲ್ಲದೆ ಕಣ್ಣು ತೆರೆದರೆ ಮೊದಲ ನೋಟ ಯಾರ ಮನೆಯ ಮೇಲೆ ಬೀಳುತ್ತದೋ ಆ ಮನೆ ಉಳಿಯುವುದಿಲ್ಲ ಎಂದು ಭಯ. ಮನೆ ಉಳಿಸಿಕೊಳ್ಳುವುದಕ್ಕೇ ಇಷ್ಟೆಲ್ಲ ಮಾಡುತ್ತಿದ್ದವರು ಆ ಭಯ ಬಿಡಲಿಲ್ಲ. ಪೇಂಟರು ಬಂದ ದಾರಿಗೆ ಹೋದ.

ಶ್ರಾವಣದ ಅಮವಾಸ್ಯೆಗೆ ಮರಾಠಿಯವರ ಪೋಳಾ ಬಂತು, ಎತ್ತಿನ ಹಬ್ಬ. ಆಚೆಯ ಚಾಳದ ಹೆಂಗಸರು ಆರತಿ ತಟ್ಟೆ, ಪೂರಣಪೋಳಿ ಹಿಡಿದುಕೊಂಡು ನಮ್ಮ ಎತ್ತಿನ ಕಡೆ ಬಂದರು. ದಾದಾನ ಮುಖ ಅರಳಿತು. ಅವರೂ ಕೈ ಮುಗಿದರೆ ಎತ್ತು ಇಡೀ ಭೋಸರಿಯದಾಗುತ್ತದೆ, ಮುಟ್ಟುವವರೇ ಇರುವುದಿಲ್ಲ. ಕುಂಬಾರಕ್ಕ ಎತ್ತಿನ ಮುಂಗಾಲ ಹತ್ತಿರ ಕೂತಿದ್ದಳು. ತನಗೆ ಬರುವ ಮುರುಕು ಮರಾಠಿಯಲ್ಲಿ, ಇದು ದೇವರಲ್ಲ, ಇದಕ್ಕೆ ಕಣ್ಣಿಲ್ಲ, ಹೋಗಿ ಎಂದಳು. ಆ ಹೆಂಗಸರು ಎತ್ತಿನ ಮುಖ ನೋಡಿದರು. ಕಣ್ಣಿಲ್ಲದ್ದು ಕಂಡು ಅವರಿಗೂ ಹೇಗೋ ಆಗಿ, ತಟ್ಟೆ ಹಿಡಿದುಕೊಂಡೇ ತಿರುಗಿದರು. ಅವತ್ತು ದಾದಾ ಆಕೆಯನ್ನು ಬೈದದ್ದನ್ನು ನಾನು ಬರೆಯುವುದಿಲ್ಲ. ಹಲ್ಲಿಲ್ಲದ ಮುದುಕಿ ಎಂಬುದು ಅದರಲ್ಲಿ ಎಲ್ಲಕ್ಕಿಂತ ಹಗುರ.

ಆಮೇಲೆ ಎಲ್ಲರೂ ನನಗೆ ಗಂಟುಬಿದ್ದರು. ನಿನ್ನ ಮಾತು ಕೇಳುತ್ತಾಳೆ, ನೀನು ಹೇಳು ಎಂದು. ನನ್ನ ಮಾತನ್ನು ಆಕೆ ಯಾವತ್ತೂ ಕೇಳಿದವಳಲ್ಲ. ಆದರೂ ಹೋದೆ. ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದಳು. ಕೂತೆ.

“ಎರಡ ಚುಕ್ಕಿ ಇಡಾಕ ಏನ್ ಧಾಡಿ ಅಕ್ಕಾ ನಿಂಗ?” ಎಂದೆ.

“ಇಟ್ಟ ಮ್ಯಾಲ ಅದು ನೋಡ್ತದ” ಎಂದಳು. “ನೋಡೋದನ್ನ ಬಿಸಲಾಗ ನಿಲ್ಲಿಸಿ, ನಮ್ಮ ಮನಿ ಕಾಯಿ ಅಂತೀರೇನು? ಅದೇನ್ ನಾಯೇನು?”

“ಮನಿ ಹೋಗ್ತಾವ.”

“ಹೋದ್ರ ಹೋಗ್ತಾವ. ಅದು ಎತ್ತಿನ ಕೈಯಾಗಿಲ್ಲ. ಕಣ್ಣ ತೆರದ ಮ್ಯಾಲ ಸಂಜಿಗಿ ನೀರಿಗಿ ಬಿಡಬೇಕು. ಇದು ಎಲ್ಲಿ ಕರಗತದ ಹೇಳು. ನಾವ್ ಸತ್ತ ಮ್ಯಾಲೂ ನಿಂತ ನೋಡತದ.”

“ನಿಂಗೇನು, ಒಬ್ಬಾಕಿ ಇದ್ದಿ. ನಂಗ ಮೊಮ್ಮಕ್ಕಳು ಅದಾವ.”

ಆಕೆ ರೊಟ್ಟಿ ಹೊರಳಿಸಿದಳು. ಅಂಚು ಸೀದಿತ್ತು. ಸೀದದ್ದನ್ನು ತನಗೆ ಇಟ್ಟುಕೊಂಡು ಚೆನ್ನಾಗಿದ್ದದ್ದನ್ನು ನನಗೆ ಕೊಟ್ಟಳು. ತಿಂದೆ. ಸಿಟ್ಟಿನಿಂದ ಎದ್ದು ಬಂದೆ. ಆಕೆ ಹೇಳಿದ್ದು ಸರಿ ಎಂದು ಆಗ ಅನ್ನಿಸಲಿಲ್ಲ. ಈಗಲೂ ಪೂರ್ತಿ ಅನ್ನಿಸುವುದಿಲ್ಲ. ತಲೆಯ ಮೇಲೆ ತಗಡು ಇರುವಾಗ ಯಾರಾದರೂ ಹೀಗೆ ಮಾತಾಡಬಹುದು.

ದೀಪಾವಳಿ ಮುಗಿದ ಮೇಲೆ ಒಂದು ದಿನ ಬೆಳಿಗ್ಗೆ ಬಂದರು. ಪೊಲೀಸರು, ಎರಡು ಜೇಸಿಬಿ. ಎಲ್ಲಕ್ಕಿಂತ ಮುಂದೆ ಒಂದು ಕ್ರೇನು, ಒಂದು ಲಾರಿ. ಲಾರಿಯಲ್ಲಿ ಗಾದಿ ಹಾಸಿದ್ದರು. ನಮಗೆ ಹಾಸಿದ್ದಲ್ಲ. ಎತ್ತನ್ನು ಒಡೆಯದ ಹಾಗೆ ಒಯ್ದು ಗಾರ್ಡನ್ನಿನಲ್ಲಿ ಇಡುತ್ತಾರಂತೆ. ಮ್ಯಾಡಂ ಕೂಡ ಬಂದಿದ್ದಳು. ಅಳುತ್ತಿದ್ದಳು. ಅಳುತ್ತಲೇ, ಕೋಡು ಜೋಪಾನ, ಬಣ್ಣ ತರಚೀತು ಎಂದು ಕ್ರೇನಿನವರಿಗೆ ಹೇಳುತ್ತಿದ್ದಳು. ಯಾವುದಕ್ಕೆ ಅಳುತ್ತಿದ್ದಳೋ ನಾನು ಕೇಳಲಿಲ್ಲ. ನನ್ನ ಕೈಯಲ್ಲಿ ಸಿಲಿಂಡರ್ ಇತ್ತು.

ದಾದಾ ಎತ್ತಿನ ಕಾಲು ತಬ್ಬಿಕೊಂಡು ಕುಂತುಬಿಟ್ಟ. ಉಳಿದವರು ಕುಂಬಾರಕ್ಕನ ಬಾಗಿಲಿಗೆ ಓಡಿದರು. ಕೆಲವರು ಕೈ ಮುಗಿದರು, ಕೆಲವರು ಬೈದರು, ಒಬ್ಬಳು ಆಕೆಯ ಕಾಲು ಹಿಡಿದಳು. ಈಗಲಾದರೂ ತೆರೆ ಎಂದು.

ಆಕೆ ಹೊರಗೆ ಬಂದಳು. ಸ್ನಾನ ಮಾಡಿದ್ದಳು, ಕೂದಲು ತೊಟ್ಟಿಕ್ಕುತ್ತಿತ್ತು. ಕೈಯಲ್ಲಿ ಹಣತೆ, ಹಣತೆಯಲ್ಲಿ ಮಸಿ. ಎತ್ತಿನ ಮುಖದ ಹತ್ತಿರ ಬಕೆಟ್ಟು ಬೋರಲು ಹಾಕಿ ಹತ್ತಿ ನಿಂತಳು. ಜನ ಹಿಂದೆ ಸರಿದು ಜಾಗ ಬಿಟ್ಟರು. ಕ್ರೇನಿನವರು ಕೂಡ ಹಗ್ಗ ಕೆಳಗಿಟ್ಟರು. ಬಲಗಣ್ಣು ಬರೆದಳು. ಇಳಿದು ಬಕೆಟ್ಟು ಸರಿಸಿ ಎಡಗಣ್ಣು ಬರೆದಳು. ಅವಸರ ಮಾಡಲಿಲ್ಲ. ನನ್ನ ಸೊಸೆ ಎಲ್ಲಿಂದಲೋ ಕಾಯಿ ತಂದು ಒಡೆದಳು. ಹೆಂಗಸರು ಮಣ್ಣಿನಲ್ಲೇ ಅಡ್ಡಬಿದ್ದರು. ನಾನೂ ಬಿದ್ದೆ.

ದಾದಾ ಎದ್ದು ಕ್ರೇನಿನ ಆಳುಗಳ ಮೇಲಿದ್ದ ಮುಕಾದಮನಿಗೆ ಹೇಳಿದ, ಇನ್ನು ಇದು ದೇವರು, ಧೈರ್ಯ ಇದ್ದರೆ ಮುಟ್ಟು ಎಂದು. ಆ ಮುಕಾದಮ ಲಾತೂರ ಕಡೆಯ ರೈತನ ಮಗನಂತೆ. ಚಪ್ಪಲಿ ಬಿಟ್ಟ. ಎತ್ತಿನ ಮುಂಗಾಲು ಮುಟ್ಟಿ ಕಣ್ಣಿಗೆ ಒತ್ತಿಕೊಂಡ. ನಮಗೆ ಜೀವ ಬಂತು. ಆಮೇಲೆ ಅವನು ಲಾರಿಯಿಂದ ಇನ್ನೊಂದು ಗಾದಿ ತರಿಸಿ, ಹಗ್ಗ ಕೊರಳಿಗೆ ಒತ್ತದ ಹಾಗೆ ಮಡಚಿ ಇಟ್ಟು, ಮೇಲಕ್ಕೆ ಎಂದು ಕೈ ಮಾಡಿದ.

ದಾದಾ ಕುಂಬಾರಕ್ಕನ ಕಡೆ ತಿರುಗಿದ.  ಆಕೆಯೇ ಹೇಳಿದಳು. “ನಿಲ್ಲಿಸಾಕ ತೆರಿಲಿಲ್ಲೋ ತಮ್ಮಾ. ಇವತ್ತ ಹೋಗೂದಿತ್ತು, ಅದಕ್ಕ ತೆರದೆ.”

ಎತ್ತು ಗಾಳಿಯಲ್ಲಿ ತಿರುಗುತ್ತ ಮೇಲೆ ಹೋಯಿತು, ಗಾದಿಯ ಮೇಲೆ ಇಳಿಯಿತು. ಲಾರಿ ಹೊರಡಲಿಲ್ಲ. ಜೇಸಿಬಿಗಳು ಓಣಿಯ ಬಾಯಿಯಲ್ಲಿ ನಿಂತಿದ್ದವು, ಹೊರಗೆ ಹೋಗಲು ದಾರಿ ಇರಲಿಲ್ಲ. ಹಾಗಾಗಿ ಎಲ್ಲ ಮನೆಗಳು ಬೀಳುವತನಕ ಎತ್ತು ಲಾರಿಯ ಮೇಲೆ ನಮ್ಮ ಕಡೆ ಮುಖ ಮಾಡಿ ನಿಂತಿತ್ತು. ತಗಡು ಮಡಚುವ ಸಪ್ಪಳ, ಕೂಗಾಟ. ನಾವು ಪಾತ್ರೆ, ಹಾಸಿಗೆ, ಮಕ್ಕಳನ್ನು ಎಳೆದುಕೊಂಡು ಓಡಾಡುತ್ತಿದ್ದರೆ ಕುಂಬಾರಕ್ಕ ಬಕೆಟ್ಟಿನ ಮೇಲೆ ಕೂತು ಎತ್ತನ್ನು ನೋಡುತ್ತಿದ್ದಳು. ತನ್ನ ಮನೆಯಿಂದ ಏನನ್ನೂ ತೆಗೆಯಲಿಲ್ಲ. ನಾನೇ ಹೋಗಿ ರೊಟ್ಟಿಯ ಹಂಚು, ಎರಡು ಸೀರೆ ತಂದೆ. ನೀರಿನ ಡ್ರಮ್ಮು ತರಲು ಆಗಲಿಲ್ಲ, ಅದರ ಮೇಲೆ ಜೇಸಿಬಿ ಹೋಯಿತು. ನುಗ್ಗೆ ಗಿಡದ ಮೇಲೂ.

ಕೆಲವರಿಗೆ ಊರ ಹೊರಗಿನ ಈ ಬಿಲ್ಡಿಂಗಿನಲ್ಲಿ ಜಾಗ ಸಿಕ್ಕಿತು. ನಾನು ನಾಲ್ಕನೆಯ ಮಹಡಿ, ಆಕೆ ಏಳನೆಯದು. ಇಲ್ಲಿಗೆ ಬಂದ ಮೇಲೆ ಜನರಿಗೆ ಒಂದು ಮಾತು ಸಿಕ್ಕಿತು. ಮೊದಲೇ ಕಣ್ಣು ತೆರೆಸಿದ್ದರೆ ನಾವು ಉಳಿಯುತ್ತಿದ್ದೆವು, ಮುದುಕಿ ಬೇಕೆಂದೇ ತಡ ಮಾಡಿದಳು ಎಂದು. ಕಣ್ಣಾರೆ ನೋಡಿದ್ದರು, ಕಣ್ಣು ತೆರೆದ ಎತ್ತಿಗೆ ಕೈ ಮುಗಿದು ಎತ್ತಿ ಒಯ್ದದ್ದನ್ನು. ಆದರೂ ಅದನ್ನೇ ಅಂದರು. ನೋಟೀಸು ಅಂಟಿಸಿದವರನ್ನು ಯಾರೂ ಬೈಯಲಿಲ್ಲ; ಅವರು ಎಲ್ಲಿ ಇರುತ್ತಾರೋ ಯಾರಿಗೆ ಗೊತ್ತು. ಆಕೆ ಏಳನೆಯ ಮಹಡಿಯಲ್ಲಿ ಇದ್ದಳು. ಬಾಗಿಲ ಮುಂದೆ ಕಸ ಸುರಿಯುತ್ತಿದ್ದರು. ಆಕೆ ಗುಡಿಸುತ್ತಿದ್ದಳು.

ಮಣ್ಣೆತ್ತಿನ ಅಮವಾಸ್ಯೆ ಬಂದಾಗ ಆಕೆಗೆ ಮಣ್ಣಿರಲಿಲ್ಲ. ಯಾರೂ ಎತ್ತು ಕೇಳಲೂ ಇಲ್ಲ. ನಾನು ರೊಟ್ಟಿ ಹಿಟ್ಟಿನಿಂದಲಾದರೂ ಮಾಡು ಎಂದೆ. ಹಿಟ್ಟು ತಿನ್ನೋದಕ್ಕೆ ಎಂದಳು.

ಆಕೆಗೆ ಹತ್ತಿಕೊಂಡಿದ್ದ ಚಿಂತೆ ಬೇರೆ. ಮನೆಯದಲ್ಲ, ಜನರದಲ್ಲ. ಯಾರು ಕೆಳಗೆ ಹೊರಟರೂ ಎತ್ತು ಎಲ್ಲಿದೆ, ಏನಾಯಿತು ಎಂದು ಕೇಳುತ್ತಿದ್ದಳು. ಮುಖ ತಿರುಗಿಸಿ ಹೋಗುತ್ತಿದ್ದರು. ನಾನು ಒಂದು ದಿನ ಬಸ್ಸಿನಿಂದ ಕಂಡೆ, ಒಂದು ಚೌಕದ ಗಾರ್ಡನ್ನಿನಲ್ಲಿ. ಬಂದು ಹೇಳಿದೆ.

“ನಿಂತದೇನು?”

“ನಿಂತದ.”

“ಕಣ್ಣು?”

“ತೆರದಾವ.”

ಸುಳ್ಳು ಹೇಳಬಹುದಿತ್ತು. ಆಕೆಗೆ ಸುಳ್ಳು ಹೇಳಿದರೆ ಕೈ ನೋಡಿ ಹಿಡಿಯುತ್ತಿದ್ದಳು. ಗೋಡೆಗೆ ಒರಗಿದಳು. ಮಣ್ಣಿನ ಸಾವಿರ ಎತ್ತು ಮಾಡಿದೆ, ಒಂದನ್ನೂ ಒಂದು ದಿನಕ್ಕಿಂತ ಹೆಚ್ಚು ಕಣ್ಣು ಬಿಡಿಸಿ ನಿಲ್ಲಿಸಲಿಲ್ಲ, ಇದೊಂದು ಉಳಿಯಿತು ಎಂದಳು. ನಾಲೆಗಾದರೂ ಕೆಡವುತ್ತಾರೆ ಎಂದುಕೊಂಡು ತೆರೆದಿದ್ದಳಂತೆ. ಗಾದಿ ಹಾಸಿದ್ದನ್ನು ಆಕೆ ಕಂಡದ್ದು ಎರಡೂ ಕಣ್ಣು ಬರೆದ ಮೇಲೆ.

“ಒರಸಿ ಬರಬೇಕು. ನನ್ನ ಕೆಳಗ ಇಳಸು” ಎಂದಳು. ಆಕೆಯ ಮೊಣಕಾಲು ಮಡಚುತ್ತಿರಲಿಲ್ಲ. ಲಿಫ್ಟು ಸರಿಯಾಗಲಿ, ಕರೆದುಕೊಂಡು ಹೋಗುತ್ತೇನೆ ಎಂದೆ. ಲಿಫ್ಟು ಸರಿಯಾಗುವ ಮೊದಲು ಕುರ್ಚಿಯಲ್ಲಿ ಇಳಿದಳು.

ಆಕೆಯ ದಿನಕರ್ಮ ಮುಗಿದ ಮೇಲೆ ಒರಸಿ ಬರಲು ನಾನೇ ಹೋದೆ. ಕೆಳಗಿನ ಮನೆಯ ಪೇಂಟರ್ ಕಡೆಯಿಂದ ಬಾಟಲಿಯಲ್ಲಿ ಬಣ್ಣ ಕರಗಿಸುವ ಥಿನ್ನರ್ ಇಸಿದುಕೊಂಡು, ಆಕೆಯದೇ ಸೀರೆಯ ಒಂದು ತುಂಡು ಹರಿದುಕೊಂಡು. ಗಾರ್ಡನ್ನಿನಲ್ಲಿ ಎತ್ತಿನ ಸುತ್ತ ಸರಪಳಿ ಹಾಕಿದ್ದರು. ಪಕ್ಕದಲ್ಲಿ ಒಂದು ಫಲಕ, ಮರಾಠಿಯಲ್ಲಿ. ಇಂಥ ವಸ್ತಿಯ ನಿವಾಸಿಗಳು ಅಲಂಕರಿಸಿದ್ದು ಎಂದು. ಆ ಹೆಸರಿನ ವಸ್ತಿ ಇನ್ನು ಆ ಫಲಕದ ಮೇಲೆ ಮಾತ್ರ ಇದೆ. ಕೌದಿಯ ತುಂಡುಗಳು ಹಾಗೆಯೇ ಇದ್ದವು. ಸೊಸೆಯ ಗಿಳಿಹಸಿರು ಸಿಕ್ಕಿತು.

ಸರಪಳಿ ದಾಟಿ, ಎತ್ತು ನಿಂತಿದ್ದ ಕಟ್ಟೆ ಹತ್ತಿ ಬಲಗಣ್ಣಿಗೆ ಅರಿವೆ ಹಚ್ಚಿ ತಿಕ್ಕಿದೆ. ಅಂಟಂಟಾಯಿತು, ಕಣ್ಣು ಹೋಗಲಿಲ್ಲ. ಗಿಡಗಳಿಗೆ ನೀರು ಬಿಡುತ್ತಿದ್ದ ವಾಚಮನ್ ಪೈಪು ಹಿಡಿದುಕೊಂಡೇ ಓಡಿ ಬಂದ. ಆಜಿ, ಹೋಗುವುದಿಲ್ಲ ಅದು, ಎಂದ. ಬಂದ ವಾರವೇ ಮೇಲಿನಿಂದ ವಾರ್ನಿಷ್ ಹೊಡೆದಿದ್ದಾರಂತೆ. ವರ್ಷ ವರ್ಷ ಹೊಡೆಯುತ್ತಾರಂತೆ, ಒಂದು ಚುಕ್ಕೆಯೂ ಮಾಸಬಾರದೆಂದು.

ನಾನು ಅರಿವೆ ಮಡಚಿ ಚೀಲಕ್ಕೆ ಹಾಕಿಕೊಂಡೆ. ಎತ್ತಿಗೆ ಒಂದಿಷ್ಟು ನೀರು ಹಾಕು ಎಂದೆ. ಅವನು ಪೋಳಾ ಇನ್ನೂ ದೂರ ಇದೆ ಎಂದು ನಕ್ಕ. ಆದರೂ ಪೈಪು ತಿರುಗಿಸಿ ಮುಖದಿಂದ ಬಾಲದತನಕ ನೀರು ಹೊಡೆದ. ನಾನು ಆಕೆ ಅನ್ನುತ್ತಿದ್ದ ಮಾತನ್ನು ಅಂದೆ, ನೋಡಿದ್ದು ಸಾಕು, ಹೋಗು ಎಂದು. ನೀರು ಜಾರಿ ಹುಲ್ಲಿಗೆ ಇಳಿಯಿತು. ಬೆಳ್ಳಗಿನ ನೀರೇ ಇಳಿಯಿತು, ಒಂದು ಚೂರು ಬಣ್ಣ ಇಲ್ಲ, ಮಣ್ಣಿಲ್ಲ. ಧೂಳು ಹೋಗಿ ಎತ್ತು ಮಿಂಚಿತು. ಕಣ್ಣು ಮೊದಲಿಗಿಂತ ಚೊಕ್ಕ ಆದವು. ಅವುಗಳ ಎದುರಿನಿಂದ ಸರಿದು ನಾನು ಬಸ್ ಸ್ಟಾಪಿಗೆ ನಡೆದೆ.